ಪಕ್ಕದ ಮನೆ ನಾಯಿ, ನಮ್ಮ ಹಿತ್ತಿಲ ಕೋಳಿ

ಇವತ್ತು ನಾಯಿಯ ವಿಷಯ ಮಾತಾಡೋಣ. ನಗಬೇಡಿ. ನಾಯಿಯಿಂದ ಹುಟ್ಟಿದ ಜಗಳ ಕೋರ್ಟಿನ ತನಕ ಹೋಗುವುದುಂಟು.

ಒಬ್ಬ ತಾಯಿ 10 ಕೋಳಿ ಸಾಕಿದ್ದಾಳೆ ಅಂದುಕೊಳ್ಳಿ. ಮೊಟ್ಟೆ ಮಾರಿದ ಕಾಸಲ್ಲಿ ಮಗಳಿಗೆ ಪುಸ್ತಕ ತರುತ್ತಾಳೆ. ಪಕ್ಕದ ಮನೆಯಲ್ಲಿ 2 ನಾಯಿ. ಅವರು ಕಟ್ಟಿ ಹಾಕುವುದಿಲ್ಲ. ಒಂದು ರಾತ್ರಿ ನಾಯಿಗಳು ಬೇಲಿ ನುಸುಳಿ ಬಂದವು. 4 ಕೋಳಿ ಕೊಂದವು. ಬೆಳಗ್ಗೆ ಹಿತ್ತಿಲ ತುಂಬ ಪುಕ್ಕ! ಗಂಡನಿಗೆ ಸಿಟ್ಟು ನೆತ್ತಿಗೇರಿತು.

"ರೊಟ್ಟಿಗೆ ವಿಷ ಹಾಕಿ ಇಡ್ತೀನಿ. ನನ್ನ ಹಿತ್ತಿಲಿಗೆ ಬಂದು ಸತ್ತರೆ ನನ್ನನ್ಯಾರು ಕೇಳೋರು?" ಅಂದ.

ಕೇಳುವವರಿದ್ದಾರೆ. ಕಾನೂನು ಕೇಳುತ್ತದೆ.

ಸಾಕಿದ ನಾಯಿ ಒಡೆಯನ ಸ್ವತ್ತು. ಬೇಲಿ ದಾಟಿ ಬಂದಿತು ಅಂತ ಅದನ್ನು ಕೊಲ್ಲುವ ಹಕ್ಕು ನಮಗೆ ಬರುವುದಿಲ್ಲ. 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆ ಜಾರಿಯಲ್ಲಿದೆ. ಹಾನಿ ಮಾಡಬೇಕೆಂದು ಪ್ರಾಣಿಯನ್ನು ಕೊಂದರೆ, ವಿಷ ಹಾಕಿದರೆ, ಊನ ಮಾಡಿದರೆ ಅದರ 325ನೇ ಕಲಂ ಪ್ರಕಾರ ಅಪರಾಧ. 5 ವರ್ಷದವರೆಗೆ ಜೈಲು, ಇಲ್ಲವೇ ದಂಡ, ಇಲ್ಲವೇ ಎರಡೂ ಆಗಬಹುದು. ನಾಯಿಯ ಒಡೆಯ ಪರಿಹಾರವನ್ನೂ ಕೇಳಬಹುದು. ಕೋಳಿ ಕಳಕೊಂಡವನೇ ಆರೋಪಿಯಾಗಿ ನಿಲ್ಲಬೇಕಾಗುತ್ತದೆ!

ಇನ್ನೊಂದು ಮಾತು. ವಿಷಕ್ಕೆ ಕಣ್ಣಿಲ್ಲ. ಉಳಿದ 6 ಕೋಳಿ ಅದೇ ರೊಟ್ಟಿ ಕುಕ್ಕಿದರೆ? ಆಡುವ ಮಗು ಎತ್ತಿಕೊಂಡರೆ?

"ಹಾಗಾದ್ರೆ ನಾಯಿ ಮೈಮೇಲೆ ಬಿದ್ದರೂ ಸುಮ್ನಿರಬೇಕಾ?" ಅಂತ ಕೇಳ್ತೀರಿ. ಬೇಡ. ನಾಯಿ ಮಗುವನ್ನು ಕಚ್ಚುತ್ತಿದೆ, ಕುರಿಯ ಕುತ್ತಿಗೆ ಹಿಡಿದಿದೆ, ಬಿಡಿಸಲು ಬೇರೆ ದಾರಿಯೇ ಇಲ್ಲ. ಆಗ ದೊಡ್ಡ ಹಾನಿ ತಪ್ಪಿಸಲು ಹೊಡೆದದ್ದನ್ನು ಕಾನೂನು ಬೇರೆ ರೀತಿ ನೋಡುತ್ತದೆ. 19ನೇ ಕಲಂ ಇದಕ್ಕೇ ಇದೆ. ಆದರೆ ಮರುದಿನ ಕಾದು ಕುಳಿತು ಕೊಂದರೆ ಅದು ರಕ್ಷಣೆಯಲ್ಲ, ಸೇಡು.

ನಾಯಿ ಸಾಕಿದವರಿಗೂ ಹೊಣೆ ಇದೆ. ಜನರ ಜೀವಕ್ಕೆ ಅಪಾಯವಾಗುವಂತೆ ನಾಯಿಯನ್ನು ಬಿಟ್ಟರೆ 291ನೇ ಕಲಂ ಪ್ರಕಾರ 6 ತಿಂಗಳವರೆಗೆ ಜೈಲು ಅಥವಾ 5,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಕೋಳಿ ಕೊಂದರೆ ನಷ್ಟ ತುಂಬಿ ಕೊಡಿ ಅಂತ ನಾವು ಕೇಳಬಹುದು.

ಹಾಗಾದರೆ ಏನು ಮಾಡಬೇಕು?

ಸತ್ತ ಕೋಳಿಗಳನ್ನು ನಾಲ್ಕು ಜನಕ್ಕೆ ತೋರಿಸಿ. ಹಿರಿಯರ ಎದುರಿಗೆ ಒಡೆಯನಿಗೆ ಹೇಳಿ. ಆಮೇಲೆ ಅವರು "ನಮಗೆ ಗೊತ್ತೇ ಇರಲಿಲ್ಲ" ಅನ್ನುವ ಹಾಗಿಲ್ಲ. ಮಾತಲ್ಲಿ ಬಗೆಹರಿದರೆ ಬಹಳ ಒಳ್ಳೇದು. ಬಗೆಹರಿಯದಿದ್ದರೆ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. ಅಲ್ಲಿ ಸಲಹೆಗೆ ಕಾಸಿಲ್ಲ. ಹೆಂಗಸರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ವಕೀಲರನ್ನೂ ಉಚಿತವಾಗಿ ಕೊಡುತ್ತಾರೆ. 15100ಕ್ಕೆ ಫೋನು ಮಾಡಿಯೂ ಕೇಳಬಹುದು.

ಅರ್ಜಿ ಬರೆಯೋರು ಯಾರು? ನೀವೇ! ಈಗ ಅಕ್ಷರ ಕಲಿತಿದ್ದೀರಿ. ಯಾವ ದಿನ, ಎಷ್ಟು ಕೋಳಿ, ಬೆಲೆ ಎಷ್ಟು, ನೋಡಿದವರು ಯಾರು ಎಂದು ಬರೆಯಿರಿ. ಕೆಳಗೆ ಸಹಿ ಹಾಕಿ. ಒಂದು ಪ್ರತಿ ನಿಮ್ಮ ಹತ್ತಿರ ಇಟ್ಟುಕೊಳ್ಳಿ.

ವಿಷದ ರೊಟ್ಟಿ ನಮ್ಮನ್ನು ಜೈಲಿಗೆ ಕಳಿಸಬಹುದು. ಒಂದು ಹಾಳೆ ಅರ್ಜಿ ಕೋಳಿಯ ಬೆಲೆ ತಂದುಕೊಡಬಹುದು. ಯಾವುದು ಬೇಕು, ಯೋಚಿಸಿ.