ದೇವಾಸದಲ್ಲಿ ಒಬ್ಬ ಇಂಗ್ಲಿಷ್ ಕಾರಕೂನ



ದೇವಾಸ ಎಂಬ ಊರಿನ ಹೆಸರು ನನ್ನ ಕಿವಿಗೆ ಮೊದಲು ಬಿದ್ದದ್ದು ಬ್ಯಾಂಕಿನ ಕ್ಯಾಶ್ ಕೌಂಟರಿನಲ್ಲಿ. ಹೊಸ ನೋಟಿನ ಕಟ್ಟು ಬಂದಾಗ "ಇದು ನಾಸಿಕದ್ದೋ, ದೇವಾಸದ್ದೋ" ಎಂದು ನಾವು ಗುಮಾಸ್ತರು ಮಾತಾಡಿಕೊಳ್ಳುತ್ತಿದ್ದೆವು. ಮಧ್ಯಪ್ರದೇಶದ ಆ ಊರಿನಲ್ಲಿ ಸರಕಾರದ ನೋಟು ಮುದ್ರಣಾಲಯವಿದೆ. ಅದೇ ಊರಿನಲ್ಲಿ 1921ರಲ್ಲಿ ಒಬ್ಬ ಇಂಗ್ಲಿಷ್ ಲೇಖಕರು ಮಹಾರಾಜರ ಹತ್ತಿರ ನೌಕರಿಗಿದ್ದರು ಎಂಬುದು ನನಗೆ ತಿಳಿದದ್ದು ನಿವೃತ್ತಿಯಾದ ಮೇಲೆ. ಅವರ ಹೆಸರು ಇ. ಎಂ. ಫಾರ್ಸ್ಟರ್. ಅವರ 'ಎ ಪ್ಯಾಸೇಜ್ ಟು ಇಂಡಿಯಾ' ಎಂಬ ಕಾದಂಬರಿಯನ್ನು ಡಿಕ್ಷನರಿ ಮಗ್ಗುಲಲ್ಲಿಟ್ಟುಕೊಂಡು ಮೂರು ತಿಂಗಳು ಓದಿದೆ. ನನ್ನದು ಮೆಟ್ರಿಕ್ ಇಂಗ್ಲಿಷು, ನಗಬೇಡಿ.

ಪರದೇಶ ಸುತ್ತಿ ಬರೆದ ಇಂಗ್ಲಿಷ್ ಲೇಖಕರು ಬೇಕಾದಷ್ಟು ಮಂದಿ. ಜಾರ್ಜ್ ಆರ್ವೆಲ್ ಬರ್ಮಾದಲ್ಲಿ ಐದು ವರ್ಷ ಪೊಲೀಸ್ ಅಧಿಕಾರಿಯಾಗಿದ್ದು, ಆ ಕೆಲಸಕ್ಕೆ ಬೇಸತ್ತು ಲೇಖಕರಾದರು. ಆದರೆ ಫಾರ್ಸ್ಟರ್ ಅವರ ಕಥೆ ಬೇರೆ. ಪ್ರವಾಸ ಅವರಿಗೆ ಮೊದಲು ಕೊಟ್ಟಿತು, ಆಮೇಲೆ ಕೊಟ್ಟದ್ದನ್ನು ಸುಳ್ಳು ಮಾಡಿತು, ಕೊನೆಗೆ ಇನ್ನೇನನ್ನೋ ಕೊಟ್ಟಿತು.

ಅವರು ಹುಟ್ಟಿದ್ದು 1879ರಲ್ಲಿ, ಲಂಡನ್ನಿನಲ್ಲಿ. ಎರಡು ವರ್ಷ ತುಂಬುವ ಮೊದಲೇ ತಂದೆ ತೀರಿಕೊಂಡರು. ತಂದೆಯ ಕಡೆಯ ಒಬ್ಬ ಮುದುಕಿ 1887ರಲ್ಲಿ ಸಾಯುವಾಗ ಈ ಹುಡುಗನ ಹೆಸರಿಗೆ 8,000 ಪೌಂಡು ಬಿಟ್ಟುಹೋದರು. ಬಡ್ಡಿಯ ಬೆಲೆ ಬಲ್ಲವನಾಗಿ ಹೇಳುತ್ತೇನೆ, ಆ ದುಡ್ಡಿಲ್ಲದಿದ್ದರೆ ಈ ಲೇಖಕರೇ ಇರುತ್ತಿರಲಿಲ್ಲವೇನೋ. ಕೇಂಬ್ರಿಡ್ಜಿನ ಓದು ಮುಗಿದ ಮೇಲೆ 1901ರಲ್ಲಿ ತಾಯಿಯನ್ನು ಕರೆದುಕೊಂಡು ಇಟಲಿಗೆ ಹೋದರು. ಅಲ್ಲಿಯ ಬಿಸಿಲು ಕಂಡ ಮೇಲೆಯೇ ಕಥೆ ಹುಟ್ಟತೊಡಗಿದ್ದು. 1905ರಿಂದ 1910ರೊಳಗೆ ನಾಲ್ಕು ಕಾದಂಬರಿ ಬಂದವು. ಅವುಗಳಲ್ಲಿ ಎರಡರಲ್ಲಿ ಇಂಗ್ಲಿಷರು ಇಟಲಿಗೆ ಹೋಗಿ ಕಕ್ಕಾಬಿಕ್ಕಿಯಾಗುತ್ತಾರೆ.

ಭಾರತದ ನಂಟು ಬೆಳೆದದ್ದು ಸ್ನೇಹದಿಂದ. 1906ರಲ್ಲಿ ಸೈಯದ್ ರಾಸ್ ಮಸೂದ್ ಎಂಬ ಹದಿನೇಳರ ಹುಡುಗನಿಗೆ ಲ್ಯಾಟಿನ್ ಪಾಠ ಹೇಳುವ ಕೆಲಸ ಸಿಕ್ಕಿತು. ಅಲಿಗಢದ ಕಾಲೇಜು ಕಟ್ಟಿದ ಸರ್ ಸೈಯದ್ ಅಹಮದ್ ಖಾನರ ಮೊಮ್ಮಗ ಆತ. ಲ್ಯಾಟಿನ್ ಎಷ್ಟು ಬಂತೋ, ಗೆಳೆತನವಂತೂ ಜನ್ಮಕ್ಕೆ ಸಾಕಾಗುವಷ್ಟು ಬೆಳೆಯಿತು. ನಮ್ಮ ದೇಶದ ಮೇಲೆ ಕಾದಂಬರಿ ಬರೆಯಿರಿ ಎಂದು ಒತ್ತಾಯಿಸಿದವರೂ ಮಸೂದರೇ. 1912ರಲ್ಲಿ ಫಾರ್ಸ್ಟರ್ ಮುಂಬಯಿಗೆ ಬಂದಿಳಿದರು. ಆರು ತಿಂಗಳು ತಿರುಗಾಡಿದರು. ಬಿಹಾರದ ಗಯಾ ಸಮೀಪ ಬರಾಬರ್ ಎಂಬ ಗುಡ್ಡದಲ್ಲಿ ಅಶೋಕನ ಕಾಲದ ಗುಹೆಗಳಿವೆ, ಒಳಗೋಡೆ ಕನ್ನಡಿಯಂತೆ ನುಣುಪು, ಮಾತಾಡಿದರೆ ದನಿ ಗುಂಯ್‌ಗುಟ್ಟುತ್ತದೆ. ಅದನ್ನು ನೋಡಿ ಮನೆಗೆ ಮರಳಿ 1913ರಲ್ಲಿ ಕಾದಂಬರಿ ಶುರುಮಾಡಿದರು. ಕೆಲವು ಅಧ್ಯಾಯ ಆದವು, ಅಷ್ಟಕ್ಕೇ ಲೇಖನಿ ನಿಂತಿತು. ಅಷ್ಟರಲ್ಲಿ ಮಹಾಯುದ್ಧ ಬಂತು. ಈಜಿಪ್ತಿನ ಅಲೆಕ್ಸಾಂಡ್ರಿಯಾದಲ್ಲಿ ರೆಡ್‌ಕ್ರಾಸ್ ಕೆಲಸಕ್ಕೆ ಸೇರಿ, ಆಸ್ಪತ್ರೆಯಲ್ಲಿ ಮಲಗಿದ ಸಿಪಾಯಿಗಳ ಬಳಿ ಕೂತು, ಕಾಣೆಯಾದ ಅವರ ಜೊತೆಗಾರರ ಸುದ್ದಿ ಕೇಳಿ ಬರೆದುಕೊಳ್ಳುತ್ತ ಮೂರು ವರ್ಷಕ್ಕೂ ಹೆಚ್ಚು ಕಾಲ ಕಳೆದರು. ಕಾದಂಬರಿಯ ಕಾಗದ ಹಾಗೇ ಇತ್ತು.

ಇನ್ನು ದೇವಾಸಕ್ಕೆ ಬರೋಣ. ಹಿಂದೆ ಪವಾರ ಮನೆತನದ ತುಕೋಜಿ, ಜೀವಾಜಿ ಎಂಬ ಇಬ್ಬರು ಮರಾಠಾ ಅಣ್ಣತಮ್ಮಂದಿರು ಪಡೆದ ಸೀಮೆ ಅದು. ಹಂಚಿಕೆಯಾಗುತ್ತ ಒಂದೇ ಊರಿನಲ್ಲಿ ಎರಡು ಸಂಸ್ಥಾನಗಳಾದವು, ಥೋರಲಿ ಪಾತಿ, ಧಾಕಟಿ ಪಾತಿ ಎಂದು. ಮರಾಠಿ ಬಲ್ಲ ನಿಮಗೆ ಅರ್ಥ ಹೇಳಬೇಕಿಲ್ಲ. ಇಬ್ಬರು ರಾಜರು, ಎರಡು ಅರಮನೆ, ಊರಿನ ಬೀದಿಯೇ ಗಡಿ! ಹೊಲದ ಬದುವಿನಲ್ಲಿ ರಾಜ್ಯ ಬದಲಾಗುವುದನ್ನು ನೋಡಿದ ನಾವೇ ಬೆರಗಾಗಬೇಕು.

ಥೋರಲಿ ಪಾತಿಯ ಮಹಾರಾಜರು ಮೂರನೆಯ ತುಕೋಜಿರಾವ್. ರಜೆಯ ಮೇಲೆ ಹೋದ ಇನ್ನೊಬ್ಬ ಇಂಗ್ಲಿಷರ ಜಾಗಕ್ಕೆ ಫಾರ್ಸ್ಟರ್ ಹಂಗಾಮಿ ಖಾಸಗಿ ಕಾರ್ಯದರ್ಶಿಯಾದರು. ತೋಟ, ಮೋಟಾರು ಗಾಡಿ, ವಿದ್ಯುತ್ ಯಂತ್ರ ಇವೆಲ್ಲ ಅವರ ಉಸ್ತುವಾರಿ. ಲೆಕ್ಕಪತ್ರ ಮಾತ್ರ ಯಾರಿಗೂ ಹಿಡಿತಕ್ಕೆ ಸಿಗುವಂತಿರಲಿಲ್ಲ. ಕಟ್ಟಡಗಳು ಅರ್ಧಕ್ಕೇ ನಿಂತಿದ್ದವು, ಖರ್ಚು ಮಾತ್ರ ನಿಲ್ಲಲಿಲ್ಲ. ಮುಂದೆ ಸಂಸ್ಥಾನ ಸಾಲದಲ್ಲಿ ಮುಳುಗಿ, 1933ರ ಕೊನೆಗೆ ಮಹಾರಾಜರು ಪಾಂಡಿಚೇರಿಗೆ ಹೋದವರು ಅಲ್ಲಿಯೇ 1937ರಲ್ಲಿ ತೀರಿಕೊಂಡರು. ಫಾರ್ಸ್ಟರ್ ಮಾತ್ರ ಅವರನ್ನು ಕೊನೆಯವರೆಗೂ ಪ್ರೀತಿಯಿಂದಲೇ ನೆನೆದರು. ನನಗೆ ಅದು ಸ್ವಲ್ಪ ಅತಿಯೆನಿಸಿತು. ರಯತರ ದುಡ್ಡಲ್ಲವೆ?

ಅರ್ಧ ಬರೆದ ಕಾದಂಬರಿಯನ್ನು ಅವರು ದೇವಾಸಕ್ಕೆ ಒಯ್ದಿದ್ದರು. ಭಾರತದಲ್ಲೇ ಕೂತರೆ ಭಾರತದ ಕಥೆ ತಾನಾಗಿ ಸಾಗುತ್ತದೆ ಎಂಬ ನಂಬಿಕೆ. ಪೆಟ್ಟಿಗೆ ತೆರೆದು ನೋಡಿದರೆ ಬರೆದದ್ದೆಲ್ಲ ಜೀವ ಹೋದಂತೆ ಕಂಡಿತು. ಕಿಟಕಿಯ ಹೊರಗಿನ ಊರಿಗೂ ಕಾಗದದ ಮೇಲಿನ ಊರಿಗೂ ಹೊಂದಿಕೆಯೇ ಇಲ್ಲ. ನಮ್ಮ ಭಾಷೆಯಲ್ಲಿ ಹೇಳುವುದಾದರೆ, ಲೆಜ್ಜರಿನ ಬಾಕಿಯೂ ಪೆಟ್ಟಿಗೆಯ ನಗದೂ ತಾಳೆಯಾಗಲಿಲ್ಲ. ಅಂಥ ಸಂಜೆ ಎಷ್ಟು ಕಷ್ಟದ್ದೆಂದು ನನಗೆ ಗೊತ್ತು. ಇದ್ದಷ್ಟು ದಿನ ಅವರು ಕಾದಂಬರಿಯನ್ನು ಮುಂದುವರಿಸಲಾಗಲಿಲ್ಲ.

ಆದರೆ ಅದೇ ವರ್ಷದ ಗೋಕುಲಾಷ್ಟಮಿ ಬಂತು. ಎಂಟು ದಿನ ಅರಮನೆಯಲ್ಲಿ ಭಜನೆ, ತಾಳ, ಗುಲಾಲು, ಗದ್ದಲ. ಫಾರ್ಸ್ಟರ್ ಭಾರತೀಯ ಉಡುಪು ತೊಟ್ಟು ಬರಿಗಾಲಲ್ಲಿ ಓಡಾಡಿದರು. ಅರ್ಥವಾಗಲಿಲ್ಲ, ಅಂದವೂ ಕಾಣಲಿಲ್ಲ, ಆದರೂ ಮನಸ್ಸು ಅಲ್ಲಾಡಿತು. ಹಾಗೆಂದು ಮನೆಗೆ ಉದ್ದುದ್ದ ಕಾಗದ ಬರೆದರು. ಆ ಕಾಗದಗಳೇ 1953ರಲ್ಲಿ 'ದಿ ಹಿಲ್ ಆಫ್ ದೇವಿ' ಎಂಬ ಪುಸ್ತಕದಲ್ಲಿ ಬಂದವು. ಕಾದಂಬರಿಯ ಮೂರನೆಯ ಭಾಗ ಪೂರ್ತಿ ಆ ಉತ್ಸವವೇ. ಅಲ್ಲಿ ಭಜನೆಯವರು ತುಕಾರಾಮರ ಹೆಸರು ಹಾಡುತ್ತಾರೆ. ಇಂಗ್ಲಿಷ್ ಪುಸ್ತಕದಲ್ಲಿ ಆ ಹೆಸರು ಕಂಡಾಗ, ವರ್ಷವರ್ಷ ಪಂಢರಪುರಕ್ಕೆ ನಡೆದುಹೋಗುತ್ತಿದ್ದ ನನ್ನ ಸೋದರಮಾವನ ನೆನಪಾಗಿ ಪುಸ್ತಕ ಮಡಿಸಿಟ್ಟು ಸ್ವಲ್ಪ ಹೊತ್ತು ಸುಮ್ಮನೆ ಕೂತೆ.

ದೇವಾಸದಿಂದ ಹೈದರಾಬಾದಿಗೆ ಹೋಗಿ, ಅಲ್ಲಿ ನಿಜಾಮರ ವಿದ್ಯಾ ಇಲಾಖೆಯ ಮುಖ್ಯಸ್ಥರಾಗಿದ್ದ ಮಸೂದರ ಜೊತೆ ಇದ್ದು, 1922ರಲ್ಲಿ ಇಂಗ್ಲೆಂಡಿಗೆ ಮರಳಿದರು. ಭಾರತ ದೂರವಾದ ಮೇಲೆ, ಲೆನರ್ಡ್ ವುಲ್ಫ್ ಎಂಬ ಗೆಳೆಯರ ಒತ್ತಾಯದಿಂದ ಕಾದಂಬರಿ ಮತ್ತೆ ಕೈಗೆ ಬಂತು. ಆದರೆ ಬರೆಯುವ ಮನುಷ್ಯ ಬದಲಾಗಿದ್ದರು. ಮೊದಲು ಈ ಪುಸ್ತಕ ಪೂರ್ವಪಶ್ಚಿಮಗಳ ನಡುವೆ ಪುಟ್ಟ ಸೇತುವೆಯಾದೀತು ಎಂದುಕೊಂಡಿದ್ದೆ, ಈಗ ಆ ವಿಚಾರ ಬಿಟ್ಟೆ, ಸತ್ಯ ಅದಕ್ಕೆ ಒಪ್ಪುವುದಿಲ್ಲ ಎಂಬರ್ಥದ ಮಾತನ್ನು ಅದೇ ವರ್ಷ ಮಸೂದರಿಗೆ ಬರೆದರು. ಈ ಮಾತು ನನ್ನನ್ನು ಬಹಳ ದಿನ ಕಾಡಿತು. ಗಡಿನಾಡಿನವರನ್ನು ಸಭೆಗಳಲ್ಲಿ ಸೇತುವೆ ಎಂದು ಹೊಗಳುತ್ತಾರೆ, ನೀವೂ ಕೇಳಿರುತ್ತೀರಿ. ಮನೆಯಲ್ಲಿ ಕನ್ನಡ, ಬಾಜಾರದಲ್ಲಿ ಮರಾಠಿ ಆಡುತ್ತ ಬೆಳೆದ ನನಗೆ ಆ ಹೊಗಳಿಕೆ ಯಾಕೋ ಮೈಗೆ ಹತ್ತುತ್ತಿರಲಿಲ್ಲ.

1924ರಲ್ಲಿ ಕಾದಂಬರಿ ಬಂತು, ಅರ್ಪಣೆ ಮಸೂದರಿಗೆ. ಕೊನೆಯಲ್ಲಿ ಡಾಕ್ಟರ್ ಅಜೀಜ್ ಮತ್ತು ಫೀಲ್ಡಿಂಗ್ ಎಂಬ ಇಬ್ಬರು ಗೆಳೆಯರು ಕುದುರೆ ಏರಿ ಹೊರಟು, ನಾವು ಈಗಲೇ ಸ್ನೇಹಿತರಾಗಬಾರದೇಕೆ ಎಂಬ ಮಾತು ಬರುತ್ತದೆ. ಕುದುರೆಗಳೂ ನೆಲವೂ ಈಗಲ್ಲ, ಇಲ್ಲಲ್ಲ ಎಂದು ಇಬ್ಬರನ್ನೂ ಬೇರೆ ಮಾಡುತ್ತವೆ. ಬರೆದವರಾದರೋ ಜೀವದ ಗೆಳೆಯನಿದ್ದವರು! ಆಮೇಲೆ 46 ವರ್ಷ, 1970ರವರೆಗೆ ಬದುಕಿದ್ದರೂ ಅವರು ಇನ್ನೊಂದು ಕಾದಂಬರಿ ಪ್ರಕಟಿಸಲಿಲ್ಲ. ಡೇವಿಡ್ ಲೀನ್ 1984ರಲ್ಲಿ ಅದನ್ನು ಸಿನಿಮಾ ಮಾಡಿದಾಗ ಗುಹೆಯ ದೃಶ್ಯಗಳಿಗೆ ಮಾಗಡಿ ಹತ್ತಿರದ ಸಾವನದುರ್ಗದ ಬಂಡೆಯನ್ನು ಬಳಸಿಕೊಂಡರು.

ಕೆಲವು ವರ್ಷಗಳ ಹಿಂದೆ ಉಜ್ಜಯಿನಿ ಯಾತ್ರೆಗೆ ಹೋದಾಗ ನಮ್ಮ ಮನೆಯವರೊಂದಿಗೆ ದೇವಾಸದಲ್ಲಿ ಇಳಿದೆ. ಬೆಳಗಾವಿ ಸೀಮೆಯ ಸುಳೇಭಾವಿಯಲ್ಲಿ ಹುಟ್ಟಿದ ನಮ್ಮ ಕುಮಾರ ಗಂಧರ್ವರು 1992ರಲ್ಲಿ ತೀರಿಕೊಳ್ಳುವವರೆಗೂ ಬಾಳಿದ ಊರು ಅದು. ಟೇಕಡಿ ಹತ್ತಿದರೆ ಮೇಲೆ ತುಳಜಾಭವಾನಿ! ನಮ್ಮಾಕೆ ಊರಿನ ದೇವಿಯೇ ಸಿಕ್ಕಂತೆ ಉಡಿ ತುಂಬಿದಳು. ಕೆಳಗಿಳಿದು ಚಹದ ಅಂಗಡಿಯಲ್ಲಿ, ಎರಡು ಸಂಸ್ಥಾನಗಳ ಗಡಿ ಇದ್ದ ಬೀದಿ ಯಾವುದೆಂದು ಕೇಳಿದೆ. ಅಂಗಡಿಯವನು ಒಳಗೆ ಹೋಗಿ ತನ್ನ ಅಜ್ಜನನ್ನು ಕೇಳಿಕೊಂಡು ಬಂದ. ನಾವು ನಿಂತಿದ್ದದ್ದೇ ಅದರ ಮೇಲಂತೆ.