ಪೆಟ್ಟಿಗೆ ಮತ್ತು ಧರ್ಮಾದಾಯ: ಡೇವಿಡ್ ಸಸೂನ್‌ನ ದಾನದ ಲೆಕ್ಕ

ಡೇವಿಡ್ ಸಸೂನ್‌ನನ್ನು ಕುರಿತು ಎರಡು ಮಾತು ಚಲಾವಣೆಯಲ್ಲಿವೆ. ಪುಣೆಯ ಆಸ್ಪತ್ರೆ, ಮುಂಬಯಿಯ ಕಾಲಾ ಘೋಡಾದ ಗ್ರಂಥಾಲಯ, ಭಾಯಖಳಾದ ಸಿನಗಾಗ್ ನೋಡಿದವರು ಅವನನ್ನು ಮಹಾದಾನಿ ಎನ್ನುತ್ತಾರೆ. ಚೀನಾಕ್ಕೆ ಹೋದ ಅಫೀಮನ್ನು ನೆನೆಯುವವರು, ಪಾಪ ತೊಳೆದುಕೊಳ್ಳಲು ದಾನ ಮಾಡಿದ ಎನ್ನುತ್ತಾರೆ. ಎರಡೂ ಕಡೆಯವರು ಒಂದು ವಿಷಯವನ್ನು ಕೇಳದೆಯೇ ಒಪ್ಪಿಕೊಂಡಿದ್ದಾರೆ: ಅವನು ಮೊದಲು ಗಳಿಸಿದ, ಆಮೇಲೆ ಕೊಟ್ಟ ಎಂದು. ಸಸೂನ್ ಕಂಪನಿಯ ಲೆಕ್ಕಪತ್ರ ಹೇಳುವುದು ಬೇರೆ. ಅಲ್ಲಿ ಪ್ರತಿಯೊಂದು ವಹಿವಾಟಿನ ಮೇಲೂ ನೂರಕ್ಕೆ ಕಾಲು ರೂಪಾಯಿ ಧರ್ಮಕ್ಕೆಂದು ಮುರಿದುಕೊಳ್ಳುವ ಪದ್ಧತಿಯಿತ್ತು. ನಮ್ಮ ಮಂಡಿಗಳ ಅಡತಿ ವರ್ತಕರ ಪಟ್ಟಿಯಲ್ಲಿ ಹಮಾಲಿ, ತೂಕದ ಸಾಲುಗಳ ಪಕ್ಕದಲ್ಲೇ ಧರ್ಮಾದಾಯದ ಸಾಲೂ ಇರುತ್ತಿತ್ತಲ್ಲ, ಅದೇ ಬಗೆಯದು. ಸಾವಿರ ರೂಪಾಯಿಗೆ ಎರಡೂವರೆ ರೂಪಾಯಿ. ಮಾಲು ಕೈಬದಲಾದ ಗಳಿಗೆಯಲ್ಲೇ ದಾನವೂ ಹುಟ್ಟುತ್ತಿತ್ತು. ಪಶ್ಚಾತ್ತಾಪಕ್ಕೆ ಅಲ್ಲಿ ವೇಳೆಯೇ ಇರಲಿಲ್ಲ. ಈ ದಾನ ವ್ಯಾಪಾರದ ಹೊರಗಿನಿಂದ ಬಂದದ್ದಲ್ಲ, ಅದರದೇ ಒಂದು ಅಂಗ ಎಂಬುದು ನನ್ನ ವಾದ.

ಸಸೂನ್ ಹುಟ್ಟಿದ್ದು 1792ರಲ್ಲಿ, ಬಾಗ್ದಾದಿನಲ್ಲಿ. ತಂದೆ ಅಲ್ಲಿನ ಪಾಷಾಗಳ ಖಜಾಂಚಿ. ದಾವೂದ್ ಪಾಷಾನ ಕಾಲದಲ್ಲಿ ಯೆಹೂದಿಗಳ ಮೇಲೆ ಕಿರುಕುಳ ಹೆಚ್ಚಿದಾಗ ಕುಟುಂಬ ಪರ್ಷಿಯಾದ ಬೂಶೆಹರ್‌ಗೆ ಓಡಿತು. 1830ರ ದಶಕದ ಆರಂಭದಲ್ಲಿ ಅವನು ಮುಂಬಯಿಗೆ ಬಂದ. ಬಟ್ಟೆಯ ವ್ಯಾಪಾರದಿಂದ ತೊಡಗಿ, 1844ರಲ್ಲಿ ಮಗ ಎಲಿಯಾಸ್‌ನನ್ನು ಚೀನಾಕ್ಕೆ ಕಳಿಸಿದ. ಮಾಳವದ ಅಫೀಮು ದೇಶೀ ಸಂಸ್ಥಾನಗಳ ಬೆಳೆ. ಸಸೂನರು ಒಳನಾಡಿನ ವರ್ತಕರಿಗೆ ಮುಂಗಡ ಹಣ ಕೊಟ್ಟು, ಸರಕು ಬಂದರಿಗೆ ಬರುವ ಮೊದಲೇ ಅದನ್ನು ತಮ್ಮದಾಗಿಸಿಕೊಂಡರು. 1870ರ ದಶಕದ ಹೊತ್ತಿಗೆ ಹಳೆಯ ಹುಲಿ ಜಾರ್ಡೀನ್ ಮ್ಯಾಥೆಸನ್ ಕಂಪನಿಯೇ ಅಫೀಮಿನ ಕಣದಿಂದ ಹಿಂದೆ ಸರಿಯಿತು.

ಇಷ್ಟು ದೂರ ಹರಡಿದ ವ್ಯಾಪಾರಕ್ಕೆ ನಂಬಿಗಸ್ತ ಜನ ಬೇಕು. ಅವರನ್ನು ಒದಗಿಸಿದ್ದು ಇದೇ ಧರ್ಮದ ಹಣ. ಬಾಗ್ದಾದಿನಿಂದ ಬಂದ ಹುಡುಗ ಸಸೂನರ ಶಾಲೆಯಲ್ಲಿ ಓದಿ, ಅವರ ಕಚೇರಿಯಲ್ಲಿ ಗುಮಾಸ್ತನಾಗಿ, ಅವರು ಕಟ್ಟಿಸಿದ ಸಿನಗಾಗ್‌ನಲ್ಲಿ ಪ್ರಾರ್ಥಿಸುತ್ತಿದ್ದ. ಶಾಖೆಗಳ ನಡುವಿನ ಪತ್ರಗಳು ಅರಬ್ಬಿ ಮಾತಿನಲ್ಲಿ, ಹೀಬ್ರೂ ಅಕ್ಷರದಲ್ಲಿ ಇರುತ್ತಿದ್ದವು. ಪತ್ರ ಬೇರೆ ವರ್ತಕನ ಕೈಗೆ ಸಿಕ್ಕಿದರೂ ಓದಲಾಗದು. ಆ ಅಕ್ಷರ ಕಲಿಸಿದ ಶಾಲೆಯನ್ನು ದಾನದ ಬಾಬಿಗೆ ಹಾಕುವುದೋ ಬಂಡವಾಳದ ಬಾಬಿಗೆ ಹಾಕುವುದೋ? ಸಸೂನನಿಗೆ ಈ ಪ್ರಶ್ನೆಯೇ ಅರ್ಥವಾಗುತ್ತಿರಲಿಲ್ಲವೆಂದು ನನಗನ್ನಿಸುತ್ತದೆ.

ಹಾಗಾದರೆ ಎಲ್ಲವೂ ಸ್ವಾರ್ಥವೇ, ಪುಣೆಯ ಆಸ್ಪತ್ರೆಯಲ್ಲಿ ಯೆಹೂದಿಗಳಲ್ಲದವರಿಗೂ ಮದ್ದು ಸಿಕ್ಕಿತಲ್ಲ ಎಂದು ಕೇಳಬಹುದು. ನ್ಯಾಯವಾದ ಪ್ರಶ್ನೆ. 1857ರಲ್ಲಿ ತೆರೆದ ಬಾಲಾಪರಾಧಿಗಳ ಸುಧಾರಣಾ ಶಾಲೆಯೂ ಅಂಥದೇ. ಇವು ಸರ್ಕಾರದ ಮೆಚ್ಚುಗೆಯನ್ನೂ ತಂದವು ಎನ್ನುವುದು ಸುಳ್ಳಲ್ಲ. ಇಂಗ್ಲಿಷ್ ಬಾರದೆ, 1853ರಲ್ಲಿ ಬ್ರಿಟಿಷ್ ಪ್ರಜೆಯಾದಾಗಲೂ ಹೀಬ್ರೂವಿನಲ್ಲೇ ರುಜು ಹಾಕಿದವನ ಮಗ ಅಬ್ದುಲ್ಲಾ, ಆಲ್ಬರ್ಟ್ ಆಗಿ 1872ರಲ್ಲಿ ‘ಸರ್’ ಪದವಿ ಪಡೆದ. ಆದರೂ ಕೊಟ್ಟವನ ಉದ್ದೇಶ ಕೊಟ್ಟದ್ದನ್ನು ಕೊನೆಯವರೆಗೂ ಕಟ್ಟಿಹಾಕದು. ಸಸೂನ್ 1864ರಲ್ಲಿ ತೀರಿಕೊಂಡ. ಆಸ್ಪತ್ರೆ ತೆರೆದದ್ದು 1867ರಲ್ಲಿ. 1924ರ ಜನವರಿಯಲ್ಲಿ ಯರವಡಾ ಜೈಲಿನ ಕೈದಿ ಗಾಂಧೀಜಿಗೆ ಕರ್ನಲ್ ಮ್ಯಾಡಕ್ ಅಪೆಂಡಿಸೈಟಿಸ್ ಶಸ್ತ್ರಚಿಕಿತ್ಸೆ ಮಾಡಿದ್ದು ಅಲ್ಲೇ, ನಡುವೆ ಕರೆಂಟು ಹೋಗಿ, ಲಾಂದ್ರದ ಬೆಳಕಿನಲ್ಲಿ. ಅಫೀಮು ಬೇಡವೆಂದು ಸಾರಿದ ಮನುಷ್ಯ ಅಫೀಮಿನ ದುಡ್ಡೂ ಸೇರಿದ ಆಸ್ಪತ್ರೆಯಲ್ಲಿ ಬದುಕಿಕೊಂಡ.

ಆ ದುಡ್ಡು ಹತ್ತಿಯದೂ ಇದ್ದೀತಲ್ಲ ಎಂಬುದು ಇನ್ನೊಂದು ಆಕ್ಷೇಪ. ಇದ್ದೀತು. ಅಮೆರಿಕದ ಅಂತರ್ಯುದ್ಧದ ವರ್ಷಗಳಲ್ಲಿ ಮುಂಬಯಿ ಹತ್ತಿಯಿಂದ ಉಬ್ಬಿತು. ಧಾರವಾಡ ಸೀಮೆಯ ಹತ್ತಿ ಕುಮಟಾ ಬಂದರಿನಿಂದ ಹೊರಟು ಆ ಬಂದರಿನ ಹೆಸರಿನಲ್ಲೇ ಮುಂಬಯಿಯಲ್ಲಿ ಬಿಕರಿಯಾಗುತ್ತಿತ್ತು. ಆದರೆ ಎಲ್ಲ ವಹಿವಾಟಿನ ಮೇಲೂ ಒಂದೇ ದರದಲ್ಲಿ ಮುರಿದುಕೊಂಡ ಹಣವನ್ನು ಶುದ್ಧ, ಅಶುದ್ಧ ಎಂದು ಆರಿಸಲು ಬರುವುದಿಲ್ಲ.

ಅಫೀಮು ಕಾನೂನುಬದ್ಧವಾಗಿತ್ತು, ಎಲ್ಲರೂ ಮಾಡುತ್ತಿದ್ದರು ಎನ್ನುವ ಸಮರ್ಥನೆಯಲ್ಲಿ ಅರ್ಧ ಸತ್ಯವಿದೆ. ಚೀನಾದಲ್ಲಿ ಅದು ಕಾನೂನಿಗೆ ಒಳಪಟ್ಟದ್ದು 1858ರಲ್ಲಿ, ಅದೂ ಯುದ್ಧದ ಬಲದಿಂದ. ಅಲ್ಲಿಯವರೆಗೆ ಅದು ಕಳ್ಳಮಾಲು. ‘ಎಲ್ಲರೂ’ ಎನ್ನುವುದು ಮಾತ್ರ ನಿಜ. ಜಮಶೇಟ್‌ಜಿ ಜೀಜೀಭಾಯಿಯೂ ಅಫೀಮು ಕಳಿಸಿದವನೇ, ಅವನೂ ಆಸ್ಪತ್ರೆ ಕಟ್ಟಿಸಿದವನೇ. ಮಾರವಾಡಿ, ಗುಜರಾತಿ ವರ್ತಕರೂ ಇದ್ದರು. ಎಲ್ಲರಿಗಿಂತ ದೊಡ್ಡ ಪಾಲು ಸರ್ಕಾರದ್ದು. 1860ರ ದಶಕದಲ್ಲಿ ಮಾಳವದ ಒಂದು ಪೆಟ್ಟಿಗೆಯ ಮೇಲೆ ಅದು ವಸೂಲಿ ಮಾಡುತ್ತಿದ್ದ ಸುಂಕ 600 ರೂಪಾಯಿಯ ಆಸುಪಾಸು. ಸಾವಿರಕ್ಕೆ ಎರಡೂವರೆ ರೂಪಾಯಿಯ ಧರ್ಮವನ್ನು ಅದರ ಪಕ್ಕದಲ್ಲಿಟ್ಟು ನೋಡಿ. ಯೆಹೂದಿಯೊಬ್ಬನನ್ನೇ ಕಟಕಟೆಗೆ ಹತ್ತಿಸುವವರು ಈ 600 ರೂಪಾಯಿಯನ್ನು ಎಣಿಸುವುದಿಲ್ಲ. ಹಳೆಯ ದ್ವೇಷಕ್ಕೆ ಹೊಸ ಸಾಕ್ಷಿ ಹುಡುಕುವವರ ಲೆಕ್ಕ ಅದು. ಹಾಗೆಂದು ಹಲವರು ಹೊತ್ತ ಮಾತ್ರಕ್ಕೆ ಹೊರೆ ಹಗುರವಾಗುವುದೂ ಇಲ್ಲ.

ನಾನು ಸಸೂನನ ಮೇಲೆ ಹೊರಿಸುವ ಆಕ್ಷೇಪ ಬೇರೆ. ಧರ್ಮಾದಾಯ ಎಲ್ಲ ವಹಿವಾಟಿನಿಂದಲೂ ಹುಟ್ಟಿತು, ಆದರೆ ಎಲ್ಲ ಊರಿಗೂ ಹೋಗಲಿಲ್ಲ. ಅವನ ಹೆಸರು ಹೊತ್ತ ದೊಡ್ಡ ಸಂಸ್ಥೆಗಳು ಮುಂಬಯಿ, ಪುಣೆಗಳಲ್ಲಿವೆ: ಅವನ ಜನ, ಅವನ ಸರ್ಕಾರ, ಅವನ ನೆರೆಹೊರೆ ಇದ್ದ ಕಡೆ. ಪೆಟ್ಟಿಗೆ ಇಳಿದ ಶಾಂಘೈಯಲ್ಲಿ ಮೊಮ್ಮಗ ಜೇಕಬ್‌ನ ಹಣದಿಂದ ಓಹೆಲ್ ರೇಚೆಲ್ ಸಿನಗಾಗ್ ಎದ್ದದ್ದು 1920ರಲ್ಲಿ, ಅದೂ ಅಲ್ಲಿನ ಬಾಗ್ದಾದಿ ಯೆಹೂದಿಗಳಿಗೆಂದು. ಅಷ್ಟು ಹೊತ್ತಿಗೆ ಭಾರತದಿಂದ ಚೀನಾಕ್ಕೆ ಅಫೀಮು ಹೋಗುವುದು ನಿಂತಿತ್ತು.