ಸಿಂಧುತ್ವ ಬರುವ ತನಕ



ತಹಶೀಲ್ದಾರರ ಜಾತಿ ಪ್ರಮಾಣ ಪತ್ರ ಕೈಯಲ್ಲಿದ್ದರೂ ಮೀಸಲು ಹುದ್ದೆಗೆ ಆಯ್ಕೆಯಾದವರ ದಾರಿ ಮುಗಿಯುವುದಿಲ್ಲ. ಜಿಲ್ಲಾಧಿಕಾರಿಗಳ ಅಧ್ಯಕ್ಷತೆಯ ಜಾತಿ ಪರಿಶೀಲನಾ ಸಮಿತಿಯಿಂದ ಆ ಪತ್ರಕ್ಕೆ ಸಿಂಧುತ್ವ ಬರಬೇಕು. ಅದು ಬರುವ ತನಕ ಹೊಸಬರ ನೇಮಕಾತಿ ಆದೇಶ ತಡೆದು ನಿಲ್ಲುತ್ತದೆ. ಕೆಲಸದಲ್ಲಿರುವವರ ಜಾತಿಯ ಮೇಲೆ ದೂರು ಬಿದ್ದರೆ ಬಡ್ತಿ ನಿಲ್ಲುತ್ತದೆ, ನಿವೃತ್ತಿಯ ಅಂಚಿನಲ್ಲಿದ್ದರೆ ಪಿಂಚಣಿಯೂ ನಿಲ್ಲಬಹುದು. ಈ ಕಾಯುವಿಕೆಯ ಹೊಣೆ ಯಾರದು? ಇವತ್ತು ನಾನು ಕೇಳಬಂದಿರುವುದು ಇದೊಂದನ್ನೇ.

ಕುಮಾರಿ ಮಾಧುರಿ ಪಾಟೀಲ್ ಪ್ರಕರಣದಲ್ಲಿ 1994ರ ಸೆಪ್ಟೆಂಬರ್ 2ರಂದು ಸುಪ್ರೀಂ ಕೋರ್ಟ್ ಎರಡು ಗಡುವುಗಳನ್ನು ಹಾಕಿತು. ನೇಮಕಾತಿಗೆ ಆರು ತಿಂಗಳು ಮೊದಲೇ ಅರ್ಜಿ ಸಲ್ಲಬೇಕು, ವಿಚಾರಣೆ ಎರಡು ತಿಂಗಳು ಮೀರಬಾರದು. ಮೊದಲನೆಯದು ಅಭ್ಯರ್ಥಿಗೆ, ಎರಡನೆಯದು ಸಮಿತಿಗೆ. ಅಭ್ಯರ್ಥಿ ತಪ್ಪಿದರೆ ಕೆಲಸಕ್ಕೇ ಕುತ್ತು. ಸಮಿತಿ ತಪ್ಪಿದರೂ ಕುತ್ತು ಅಭ್ಯರ್ಥಿಗೇ. ಇದು ನ್ಯಾಯವಲ್ಲ.

ನಮ್ಮ ಬಳ್ಳಾರಿಯಲ್ಲಿ ಈ ತೊಡಕಿಗೆ ಇತಿಹಾಸದ ಗಂಟೂ ಬಿದ್ದಿದೆ. 1953ರ ಅಕ್ಟೋಬರ್ 1ರಂದು ಮದ್ರಾಸ್ ರಾಜ್ಯದ ಬಳ್ಳಾರಿ ಜಿಲ್ಲೆ ಒಡೆಯಿತು. ಆದವಾನಿ, ಆಲೂರು, ರಾಯದುರ್ಗ ಆಂಧ್ರದ ಪಾಲಾದವು. ಬಳ್ಳಾರಿ, ಸಿರುಗುಪ್ಪ ಮೈಸೂರಿಗೆ ಬಂದವು. ಕೊಟ್ಟು ತರುವ ಸಂಬಂಧಗಳೇನೂ ಒಡೆಯಲಿಲ್ಲ. ನಮ್ಮಲ್ಲಿ ನಾಯಕರ ಜೊತೆಗೆ ಬೇಡ, ಬೇಡರ್, ವಾಲ್ಮೀಕಿ ಹೆಸರುಗಳು 1991ರಲ್ಲಿ ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದವು. ಗಡಿಯಾಚೆ, ಆಂಧ್ರದ ಬಯಲಿನಲ್ಲಿ ಅದೇ ಬಳಗದ ಬೋಯರು ಇಂದಿಗೂ ಹಿಂದುಳಿದ ವರ್ಗ. ಒಂದು ರಾಜ್ಯದ ಪಂಗಡದ ಹಕ್ಕು ವಲಸೆ ಹೋದವರ ಜೊತೆ ಇನ್ನೊಂದು ರಾಜ್ಯಕ್ಕೆ ಬರುವುದಿಲ್ಲವೆಂದು ಮರ್ರಿ ಚಂದ್ರಶೇಖರ ರಾವ್ ಪ್ರಕರಣದಲ್ಲಿ 1990ರಲ್ಲೇ ತೀರ್ಪಾಗಿದೆ. ಹೀಗಿರುವಾಗ ಸಿರುಗುಪ್ಪದ ಹುಡುಗನ ತಾತ ಆದವಾನಿಯ ಶಾಲೆಯಲ್ಲಿ ಓದಿ, ದಾಖಲೆಯಲ್ಲಿ 'ಬೋಯ' ಎಂದಿದ್ದರೆ, ಮೊಮ್ಮಗನ ಕಡತಕ್ಕೆ ಅದೇ ಅಡ್ಡಗಾಲು. ಆ ಮನೆತನ ಗಡಿ ದಾಟಿದ್ದು ಯಾವಾಗ, ಗಡಿಯೇ ಅವರನ್ನು ದಾಟಿತೇ ಎಂದು ಸಮಾಧಾನದಿಂದ ನೋಡುವವರು ಬೇಕು. ಗಡಿಯ ಈಚೆಗೂ ದಾಖಲೆಯ ತೊಡಕು ತಪ್ಪಿಲ್ಲ: ಕುರುಗೋಡು ಪ್ರತ್ಯೇಕ ತಾಲ್ಲೂಕಾದದ್ದು ತೀರ ಈಚೆಗೆ; ಅಲ್ಲಿಯವರ ಹಳೆಯ ದಾಖಲೆಗಳಲ್ಲಿರುವುದು ಬಳ್ಳಾರಿ ತಾಲ್ಲೂಕಿನ ಹೆಸರು.

ಸುಳ್ಳು ಪತ್ರದವರ ಪರ ನಾನು ಒಂದು ಮಾತೂ ಆಡಲಾರೆ. ಸುಳ್ಳು ಪತ್ರವೊಂದು ಹುದ್ದೆ ಹಿಡಿದರೆ ಸಂಡೂರಿನದೋ ಕೂಡ್ಲಿಗಿಯದೋ ನಿಜವಾದ ಪಂಗಡದ ಮಗುವೊಂದು ಹೊರಗೆ ಉಳಿಯುತ್ತದೆ. ಜಗದೀಶ್ ಬಾಲರಾಮ್ ಬಹಿರಾ ಪ್ರಕರಣದಲ್ಲಿ 2017ರಲ್ಲಿ ಸುಪ್ರೀಂ ಕೋರ್ಟ್ ಇನ್ನೂ ಕಠಿಣವಾಯಿತು: ಮೋಸದ ಉದ್ದೇಶ ಇರಲಿಲ್ಲವೆಂಬ ಒಂದೇ ಕಾರಣಕ್ಕೆ, ಪತ್ರ ಅಸಿಂಧುವಾದವರು ಮೀಸಲು ಹುದ್ದೆಯಲ್ಲಿ ಉಳಿಯುವಂತಿಲ್ಲ. ಆಮೇಲೆ ಮಹಾರಾಷ್ಟ್ರ ಅಂಥ ನೌಕರರನ್ನು 2019ರ ಡಿಸೆಂಬರ್ ಆದೇಶದಿಂದ 11 ತಿಂಗಳ ಸೂಪರ್‌ನ್ಯೂಮರರಿ (ಹೆಚ್ಚುವರಿ) ಹುದ್ದೆಗಳಲ್ಲಿ ಕೂರಿಸಿತು.

ನಮ್ಮ ರಾಜ್ಯದ ದಾರಿ ಬೇರೆ. ಕೋಟೆಗಾರ ಸಮುದಾಯವನ್ನು ಪರಿಶಿಷ್ಟ ಜಾತಿಯ ಪಟ್ಟಿಯ ಹೆಸರಿಗೆ ಪರ್ಯಾಯವೆಂದು ಒಪ್ಪಿದ್ದು ಸರ್ಕಾರದ್ದೇ ಸುತ್ತೋಲೆ. ಪಟ್ಟಿ ತಿದ್ದುವ ಅಧಿಕಾರ ಸಂಸತ್ತಿಗೆ ಮಾತ್ರ ಎಂದು ಮಿಲಿಂದ್ ಪ್ರಕರಣದಲ್ಲಿ 2000ದಲ್ಲಿ ಸ್ಪಷ್ಟವಾಯಿತು. ಆ ಸುತ್ತೋಲೆಯನ್ನು ನಂಬಿ ಪತ್ರ ಪಡೆದು ಕೆಲಸಕ್ಕೆ ಸೇರಿದ್ದವರು ಮಾಡಿದ ತಪ್ಪಾದರೂ ಏನು? 2003ರ ಮಾರ್ಚ್ 29ರ ಸುತ್ತೋಲೆ ಅವರನ್ನು ಸಾಮಾನ್ಯ ವರ್ಗದವರೆಂದು ಎಣಿಸಿ ಸೇವೆಗೆ ರಕ್ಷಣೆ ಕೊಟ್ಟಿತು. ಆದರೂ ಕೆನರಾ ಬ್ಯಾಂಕು ಅಂಥ ನೌಕರರಿಗೆ ಕಾರಣ ಕೇಳಿ ನೋಟಿಸ್ ಕೊಟ್ಟಿತು. ಕೆ. ನಿರ್ಮಲಾ ವಿರುದ್ಧ ಕೆನರಾ ಬ್ಯಾಂಕ್ ಪ್ರಕರಣದಲ್ಲಿ 2024ರ ಆಗಸ್ಟ್ 28ರಂದು ನ್ಯಾಯಮೂರ್ತಿಗಳಾದ ಹಿಮಾ ಕೊಹ್ಲಿ ಮತ್ತು ಸಂದೀಪ್ ಮೆಹ್ತಾ ಆ ರಕ್ಷಣೆಯನ್ನು ಎತ್ತಿಹಿಡಿದರು. ಮುಂದೆ ಮೀಸಲಾತಿಯ ಲಾಭವಿಲ್ಲ, ಇರುವ ಕೆಲಸಕ್ಕೆ ಧಕ್ಕೆಯೂ ಇಲ್ಲ.

ಈ ತೀರ್ಪು ನನಗೆ ಹಿಡಿಸಿದ್ದು ಕರುಣೆಗಾಗಿ ಅಲ್ಲ. ನೌಕರ ಸಾಮಾನ್ಯ ವರ್ಗಕ್ಕೆ ಸರಿದರೆ ಅವರು ಹಿಡಿದಿದ್ದ ಮೀಸಲು ರೋಸ್ಟರ್ ಬಿಂದು ಬಿಡುಗಡೆಯಾಗಬೇಕು, ಬ್ಯಾಕ್‌ಲಾಗ್ ಆಗಿ ನಿಜವಾದ ಹಕ್ಕುದಾರರಿಗೆ ಸಿಗಬೇಕು. ಅದನ್ನು ಬಿಟ್ಟು ಕೆಲಸವನ್ನಷ್ಟೇ ಉಳಿಸಿದರೆ ಒಬ್ಬರ ರಕ್ಷಣೆಯ ಬೆಲೆಯನ್ನು ಇನ್ನೊಬ್ಬ ಬಡವ ತೆರಬೇಕಾಗುತ್ತದೆ. ನೌಕರ ಸಂಘಟನೆಗಳು ಇದನ್ನೂ ಅಷ್ಟೇ ಗಟ್ಟಿಯಾಗಿ ಕೇಳಬೇಕು.

ಪರಿಶೀಲನೆ ಬಾಕಿ ಇರುವವರ ವಿಷಯದಲ್ಲಿ ನನ್ನ ಬೇಡಿಕೆ ನೇರ. ಎರಡು ತಿಂಗಳು ಕಳೆದರೂ ಸಮಿತಿ ತೀರ್ಮಾನಿಸದಿದ್ದರೆ, ಅಂತಿಮ ಆದೇಶಕ್ಕೆ ಒಳಪಟ್ಟು ನೇಮಕಾತಿ ಪತ್ರ ಕೊಡಿ, ಜ್ಯೇಷ್ಠತೆ ಕಾಪಾಡಿ. ತಡಕ್ಕೆ ಕಾರಣವೇನೆಂದು ಕಡತದಲ್ಲಿ ಬರೆದು, ಅದರ ಪ್ರತಿಯನ್ನು ಅರ್ಜಿದಾರರ ಕೈಗೂ ಕೊಡಿ. ಇಂದಿನ ಈ ಸಭೆಯ ಮೊದಲ ಗೋಷ್ಠಿ ಆದವಾನಿ, ಆಲೂರಿನ ಶಾಲಾ ದಾಖಲೆಗಳನ್ನು ಎರಡೂ ಕಡೆಯ ಕಂದಾಯ ಅಧಿಕಾರಿಗಳು ನೇರವಾಗಿ ತರಿಸಿಕೊಳ್ಳುವ ವಿಧಾನದಿಂದಲೇ ಶುರುವಾಗಲಿ ಎಂದು ಕೋರುತ್ತೇನೆ. ಸಿರುಗುಪ್ಪ, ಕುರುಗೋಡಿನ ತಾಲ್ಲೂಕು ಕಚೇರಿಗಳಲ್ಲಿ ಕಡತ ನೋಡುವ ಸಿಬ್ಬಂದಿ ಆ ಗೋಷ್ಠಿಯಲ್ಲಿ ಮೊದಲು ಮಾತಾಡಲಿ.